ಅತ್ತೆಯ ಪೆನ್ಸಿಲ್ ಮಾತುಗಳು

ಮೊದಲು ಬಂದದ್ದು ಗಂಜಿಯ ವಾಸನೆ. ಕಳೆದ ಭಾನುವಾರ ಸೇಲಂನಲ್ಲಿ ಹಳೆಯ ಕಾಮಿಕ್ಸ್ ಪ್ರದರ್ಶನದಲ್ಲಿ ಕೈಗೆತ್ತಿಕೊಂಡ ತಮಿಳು ಪುಸ್ತಕವೊಂದಕ್ಕೆ ಮಗ್ಗದ ನೂಲಿಗೆ ಹಾಕುವ ಗಂಜಿಯ ಹುಳಿ ವಾಸನೆ ಅಂಟಿತ್ತು. ಬೆನ್ನಿಗೆ ಕೆಂಪು ನೂಲಿನ ಹೊಲಿಗೆ. ಸೇಲಂ ಹತ್ತಿರದ ಎಡಪ್ಪಾಡಿಯಲ್ಲಿ ನಮ್ಮ ಪಕ್ಕದ ಮನೆಯಲ್ಲಿ ಸೀರೆ ನೇಯುತ್ತಿದ್ದ ಅತ್ತೆಯ ಕೈ ಅದು.

ಮುಖವಾಡ ಹಾಕಿ, ಬೆನ್ನಿಗೆ ಬಟ್ಟೆ ಕಟ್ಟಿ ಹಾರುವ, ಕಾಮಿಕ್ಸಿನ ಆ ಮೊದಲ ಕಾಲದ ವೀರರು ಅಮೆರಿಕದಲ್ಲಿ ಹುಟ್ಟಿ, ತಮಿಳು ಕಲಿತು ನಮ್ಮೂರಿಗೆ ಬಂದವರು. ಇನ್ನೂ ಶಾಲೆ ಸೇರದ ನಮಗೆ ಮನೆಯ ಕನ್ನಡವಷ್ಟೇ ಗೊತ್ತು. ಅತ್ತೆಗೆ ಕನ್ನಡ ಅಕ್ಷರ ಬಾರದು. ಅದಕ್ಕೇ ಪ್ರತಿ ಮಾತಿನ ಪಕ್ಕದಲ್ಲೂ ನಮ್ಮ ಬೀದಿಯ ಕನ್ನಡವನ್ನು ತಮಿಳು ಅಕ್ಷರದಲ್ಲಿ ಪೆನ್ಸಿಲಿನಿಂದ ಬರೆದಿಟ್ಟುಕೊಂಡು, ಮಧ್ಯಾಹ್ನ ಮಗ್ಗ ನಿಲ್ಲಿಸಿ ನಮಗೆ ಓದಿ ಹೇಳುತ್ತಿದ್ದರು.

“ಲೇ ಕಳ್ಳ, ಪೆಟ್ಟಿಗೆ ಕೆಳಗಿಡ್ಲಾ! ಇಲ್ಲಾಂದ್ರೆ ನಿಮ್ಮವ್ವುನ್ನ ಕರ್ಕೊಂಡ್ ಬರ್ತೀನಿ!” ಎಂದು ವೀರ ಗುಡುಗುತ್ತಿದ್ದ.

“ಅತ್ತೆ, ಅವ್ನು ಉಂಡವ್ನಾ?” ಎಂದು ಒಮ್ಮೆ ಕೇಳಿದೆ.

“ಉಣ್ದೆ ಆಕಾಶಕ್ಕೆ ಓಗಾಕಾಯ್ತದಾ, ನನ್ ಕಣ್ಣು? ಎಲ್ಡು ಮುದ್ದೆ ಇಳ್ಸವ್ನೆ!”

ಅದನ್ನೂ ಅಂಚಿನಲ್ಲಿ ಬರೆದುಕೊಂಡರು... ಆ ವಾರ ಬೀದಿಯ ಮಕ್ಕಳೆಲ್ಲ ಮುದ್ದೆ ನುಂಗಿ, ಟವೆಲ್ ಕಟ್ಟಿಕೊಂಡು ಜಗುಲಿಯಿಂದ ಹಾರಿದೆವು.

ಕಳೆದ ಭಾನುವಾರ ಪ್ರದರ್ಶನದಲ್ಲಿ ಆ ಪುಸ್ತಕದ ಪುಟ ತಿರುವಿದೆ. ಅಂಚುಗಳೆಲ್ಲ ಖಾಲಿ.

“ಯಾರೋ ಕಿರುಕ್ಕಿ ವೆಚ್ಚಿರುಂದಾಂಗ,” ಎಂದರು ಪ್ರದರ್ಶನದವರು. ಯಾರೋ ಗೀಚಿಟ್ಟಿದ್ದರಂತೆ, ರಬ್ಬರಿನಿಂದ ಉಜ್ಜಿ ತೆಗೆಯಲು ಎರಡು ದಿನ ಹಿಡಿಯಿತಂತೆ. ಹೆಮ್ಮೆಯಿಂದಲೇ ಹೇಳಿದರು.

ಗೀಚಿದ್ದೇ? ಆ ವೀರರನ್ನು ಯಾರು ಬರೆದರು, ಯಾರು ಚಿತ್ರಿಸಿದರು, ಯಾವ ವರ್ಷ ಆ ವೀರರು ಯಾವ ದೇಶಕ್ಕೆ ಹೋದರು ಎಂಬುದೆಲ್ಲ ಪ್ರದರ್ಶನದ ಗೋಡೆಯ ಮೇಲಿತ್ತು. ಅವರನ್ನು ನಮ್ಮ ಬೀದಿಗೆ ಕರೆತಂದು ಮುದ್ದೆ ಉಣಿಸಿದವರಿಗೆ ಅಲ್ಲಿ ಒಂದು ಸಾಲಿಲ್ಲ. ಇದ್ದ ಸಾಲುಗಳನ್ನೂ ಕೊಳೆಯೆಂದು ಉಜ್ಜಿದರು! ಆ ಬೀದಿಯ ಮಾತು ಕಾಗದದ ಮೇಲೆ ಇದ್ದದ್ದೇ ಆ ಅಂಚುಗಳಲ್ಲಿ. “ಅದು ಕನ್ನಡ,” ಎಂದೆ. ತಮಿಳು ಅಕ್ಷರದಲ್ಲಿತ್ತಲ್ಲ ಎಂದು ನಕ್ಕರು.

ಸಿಟ್ಟು ಅವರ ಮೇಲಷ್ಟೇ ಅಲ್ಲ. ಅಕ್ಷರ ಕಲಿತ ದಿನದಿಂದ ನಾನು ಪಟ್ಟಿ ಇಟ್ಟವಳು. ಅತ್ತೆಯ ಮೂವತ್ತೊಂದು ಪುಸ್ತಕಗಳ ಹೆಸರು, ಓದಿದ ತಾರೀಖು, ಎಲ್ಲ ಇವೆ. ಅವರ ಮಾತು ಒಂದೂ ಇಲ್ಲ. ಅವರು ತೀರಿಕೊಂಡ ಮೇಲೆ ಅವರ ಮಗ ಪುಸ್ತಕಗಳನ್ನೆಲ್ಲ ಹಳೇ ಪೇಪರಿನವನಿಗೆ ಹಾಕಿದಾಗಲೂ ನಾನು ತಾರೀಖು ಬರೆದುಕೊಂಡೆ, ಅಷ್ಟೆ...

ಪುಸ್ತಕವನ್ನು ಕೊಂಡು ತಂದಿದ್ದೇನೆ. ಕಿಟಕಿಯ ಬಿಸಿಲಿಗೆ ಓರೆಯಾಗಿ ಹಿಡಿದರೆ ಪೆನ್ಸಿಲ್ ಒತ್ತಿದ ತಗ್ಗು ಅಲ್ಲಲ್ಲಿ ಕಾಣುತ್ತದೆ. ಇವತ್ತಿಗೆ ಸಿಕ್ಕಿದ್ದು ಏಳು ಪದ. ಮುದ್ದೆ ಸಿಕ್ಕಿದೆ. ಅದರ ಹಿಂದಿನ ಎಲ್ಡನ್ನು ರಬ್ಬರು ತಿಂದಿದೆ.