ತಗಡಿನ ಡಬ್ಬಿಯಲ್ಲಿದ್ದ ಹಾಸ್ಯಗಾರ

ಕುವೈತಿನ ಯುದ್ಧ ಮುಗಿದು ಐದಾರು ವರ್ಷವಾಗಿತ್ತು. ಅಲ್ಲಿನ ಫಿಂಟಾಸ್ ಎಂಬ ಬಡಾವಣೆಯ ಒಂದು ಸ್ಟುಡಿಯೋದಲ್ಲಿ ನಾನು ಜನರ ಹಳೆಯ ಫಿಲ್ಮುಗಳನ್ನು ವಿಡಿಯೊ ಕ್ಯಾಸೆಟ್ಟಿಗೆ ಇಳಿಸಿ ಕೊಡುತ್ತಿದ್ದೆ. ಒಂದು ಸಂಜೆ ಮಂಗಳೂರು ಕಡೆಯ ವೃದ್ಧೆಯೊಬ್ಬರು ಮಗನ ತೋಳು ಹಿಡಿದು ಬಂದು, ತುಕ್ಕು ಹಿಡಿದ ತಗಡಿನ ಡಬ್ಬಿಯೊಂದನ್ನು ಮುಂದಿಟ್ಟರು.

"ನನ್ನ ಅಪ್ಪನ ಪಿಕ್ಚರ್. ಮಾತಿಲ್ಲದ ಕಾಲದ್ದು."

ಅವರ ತಂದೆ ಬೊಂಬಾಯಿಯಲ್ಲಿ ದರ್ಜಿ. ಯಾವ ಕಂಪನಿಯನ್ನೂ ಸೇರದೆ, ಬಾಡಿಗೆ ಕ್ಯಾಮೆರಾ ತಂದು, ತಾವೇ ನಟಿಸಿ ಮೂರು ನಗೆಚಿತ್ರ ಮಾಡಿದ್ದರಂತೆ. ಮಾತಿನ ಸಿನಿಮಾ ಬಂದದ್ದೇ ತಡ, ಯಾರಿಗೂ ಬೇಡವಾದರು. ಉಳಿದದ್ದು ಇದೊಂದೇ ರೀಲು. ಅದರ ಕೊನೆಯಲ್ಲಿ ಅವರು ಪುಟ್ಟ ಹುಡುಗಿಯೊಬ್ಬಳನ್ನು ಹೆಗಲ ಮೇಲೆ ಕೂರಿಸಿಕೊಂಡು ನಡೆದುಹೋಗುತ್ತಾರಂತೆ.

"ಆ ಮಗು ನಾನೇ. ಒಮ್ಮೆ ನೋಡ್ಬೇಕು ಅಂತ ಆಸೆ ಉಂಟು ಮಾರಾಯ್ರೆ."

ಮುಚ್ಚಳ ತೆಗೆದಾಗ ಹುಳಿ ನಾತ ಗಪ್ಪೆಂದು ಮೂಗಿಗೆ ಹೊಡೆಯಿತು. ಯುದ್ಧದ ಸಮಯದಲ್ಲಿ ಇವರೆಲ್ಲ ಊರಿನಲ್ಲಿದ್ದರು. ಇಲ್ಲಿ ಕುವೈತಿನಲ್ಲಿ ಬೀಗ ಹಾಕಿದ ಫ್ಲ್ಯಾಟಿನಲ್ಲಿ, ಕರೆಂಟಿಲ್ಲದ ಆ ಸೆಕೆಯಲ್ಲಿ ಫಿಲ್ಮು ಬೆಂದುಹೋಗಿತ್ತು. ಹೊರಸುತ್ತು ಮುಟ್ಟಿದರೆ ಪುಡಿ. ಕೊನೆಯ ದೃಶ್ಯವಿದ್ದ ಒಳಸುತ್ತು ಬೆಲ್ಲದ ಪಾಕದ ಹಾಗೆ ಅಂಟಿಕೊಂಡಿತ್ತು. ಎರಡು ದಿನ ಉಸಿರು ಬಿಗಿಹಿಡಿದು ಬಿಡಿಸಿದೆ. ಸಿಕ್ಕಿದ್ದು ನಡುವಿನ ಏಳು ಚೌಕ, ಅಂದರೆ ಏಳೇ ಫ್ರೇಮು. ಅದರಲ್ಲಿ ಬಡಕಲು ಮನುಷ್ಯನೊಬ್ಬ ಮುಂಡಾಸು ಸುತ್ತುತ್ತಿದ್ದ. ಬಟ್ಟೆಯ ಇನ್ನೊಂದು ತುದಿ ಓಡುವ ಜಟಕಾದ ಚಕ್ರಕ್ಕೆ ಸಿಕ್ಕಿತ್ತು. ಮಗು ಎಲ್ಲೂ ಇರಲಿಲ್ಲ.

ಡಬ್ಬಿ ಒಯ್ಯಲು ಮಗ ಒಬ್ಬನೇ ಬಂದ. ಏಳು ಚೌಕಗಳನ್ನು ನನ್ನಲ್ಲೇ ಇಟ್ಟುಕೊಂಡು ಫೋಟೊ ಮಾಡಿ ಕೊಡುತ್ತೇನೆಂದೆ. ಜೊತೆಗೆ, ಹೇಳುವುದು ನನ್ನ ಧರ್ಮವೆಂದು, ಇನ್ನೊಂದು ಮಾತನ್ನೂ ಹೇಳಿದೆ: "ಇಂಥ ಫಿಲ್ಮಿಗೆ ಸೆಕೆಯಲ್ಲಿ ತಾನಾಗಿಯೇ ಬೆಂಕಿ ಹತ್ಕೊಳ್ಳುದುಂಟು. ಮನೆಯೊಳಗೆ ಇಡ್ಬೇಡಿ."

ಅವನು ಡಬ್ಬಿಯನ್ನು ಮೈಗೆ ತಾಗದಂತೆ ದೂರ ಹಿಡಿದು ಎತ್ತಿಕೊಂಡು ಹೋದ.

ವಾರ ಕಳೆದು ವೃದ್ಧೆಯ ಫೋನ್ ಬಂತು. "ಡಬ್ಬಿ ನಿಮ್ಮ ಹತ್ರವೇ ಉಂಟು ಅಂತ ಮಗ ಹೇಳಿದ. ಇನ್ನೂ ಎಷ್ಟು ದಿವಸ ಬೇಕು?"

"ನೋಡ್ತಾ ಇದ್ದೇನೆ, ಆಂಟಿ" ಎಂದುಬಿಟ್ಟೆ. ಮಗನಿಗೆ ಫೋನ್ ಮಾಡಿದರೆ, "ಅವತ್ತೇ ಕಸದ ಲಾರಿಗೆ ಹಾಕಿದೆ. ಮನೆಯಲ್ಲಿ ಸಣ್ಣ ಮಕ್ಕಳಿದ್ದಾರೆ, ನಾನೇನು ಮಾಡ್ಲಿ ಹೇಳಿ?" ಎಂದ.

ಅವರು ಮತ್ತೆರಡು ಸಲ ಫೋನ್ ಮಾಡಿದರು. ನಾನು ಮತ್ತೆರಡು ಸಲ ಸುಳ್ಳು ಹೇಳಿದೆ. ಆಮೇಲೆ ತಡೆಯಲಾಗದೆ, ಏಳು ಫೋಟೊ ಹಿಡಿದು ಅವರ ಮನೆಗೇ ಹೋಗಿ ಎಲ್ಲವನ್ನೂ ಹೇಳಿದೆ.

ಅವರು ಸಿಟ್ಟಾಗಲಿಲ್ಲ. "ಮಗ ಹೆದರಿದ. ಅವನಿಗೆ ಏನೂ ಹೇಳ್ಬೇಡಿ" ಎಂದರು. ಫೋಟೊಗಳನ್ನು ಸೋಫಾದ ಮೇಲೆ ಸಾಲಾಗಿ ಜೋಡಿಸಿದರು. ಎದ್ದು ನಿಂತು, ಸೆರಗನ್ನು ತಲೆಗೆ ಸುತ್ತಿ, ಯಾರೋ ಎಳೆದ ಹಾಗೆ ಗಿರ್ರನೆ ಒಂದು ಸುತ್ತು ತಿರುಗಿ, ಗೋಡೆ ಹಿಡಿದುಕೊಂಡರು.

"ಹೀಗೆ ಮಾಡ್ತಿದ್ರು ಅಪ್ಪ. ಈ ಸೀನಿಗೆ ಜನ ನಗ್ತಿದ್ರಂತೆ" ಎಂದು ಏದುಸಿರು ಬಿಡುತ್ತ ನನ್ನ ಮುಖ ನೋಡಿದರು.

ನಗಲು ಪ್ರಯತ್ನಪಟ್ಟೆ. ಆಗಲಿಲ್ಲ. ಅವರನ್ನು ಹಿಡಿದು ಕೂರಿಸಿ, ಕುಡಿಯಲು ನೀರು ಕೊಟ್ಟೆ.