ಕಂಟ್ರೋಲು ಎತ್ತಿದ ವರ್ಷ ಸೀರೆ ಮಾರಲು ಹೊರಟದ್ದು

ಬೆಟಗೇರಿಯಿಂದ ಹೊರಟ ದಿನ ಬೆಳಿಗ್ಗೆ ಮೋಡ ಕವಿದಿತ್ತು, ಮಳೆಯ ಲಕ್ಷಣ ಇರಲಿಲ್ಲ. ಶಾಲೆಗೆ ದೀಪಾವಳಿಯ ರಜೆ. ನಾನು ಅಲ್ಲಿ ಕನ್ನಡ ಶಾಲೆಯ ಮಾಸ್ತರ. ನಮ್ಮಕ್ಕ ಗಂಗವ್ವ ಮಗ್ಗದವಳು. ಗಂಡ ತೀರಿಕೊಂಡ ಮೇಲೆ ಅವನ ಕುಣಿಮಗ್ಗಕ್ಕೆ ತಾನೇ ಇಳಿದು ನೇಯುತ್ತಿದ್ದಳು. ಅವಳು ನೇಯ್ದ ಆರು ಸೀರೆಗಳ ಗಂಟು ನನ್ನ ಹೆಗಲ ಮೇಲಿತ್ತು. ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿ ಸುತ್ತಿ ಬರುವುದೆಂದು ಮಾತಾಗಿತ್ತು.

ಯುದ್ಧದ ಕಾಲದಿಂದ ನೂಲಿನ ಮೇಲೆ ಕಂಟ್ರೋಲು ಇತ್ತು. ಎಷ್ಟು ಮಗ್ಗವೋ ಅಷ್ಟು ನೂಲು ನೇಕಾರರ ಸೊಸೈಟಿಗೆ ಬರುತ್ತಿತ್ತು. ಯಾವ ಬಣ್ಣ, ಸೀರೆ ಎಷ್ಟು ಉದ್ದ ಎಂಬುದೂ ಮೇಲಿನಿಂದಲೇ ನಿಗದಿಯಾಗಿ ಬರುತ್ತಿತ್ತು. ನೇಯ್ದದ್ದನ್ನು ಸೊಸೈಟಿ ಎತ್ತಿಕೊಳ್ಳುತ್ತಿತ್ತು. ಸ್ವಾತಂತ್ರ್ಯ ಬಂದ ಮೇಲೂ ಕೆಲವು ವರ್ಷ ಹಾಗೇ ನಡೆಯಿತು. ಆ ವರ್ಷ ಕಂಟ್ರೋಲು ಎತ್ತಿದರು. ಗದಗಿನ ಪೇಟೆಯಲ್ಲಿ ಬೇಕಾದ ನೂಲು ಸಿಗತೊಡಗಿತು, ಆದರೆ ನೇಯ್ದದ್ದನ್ನು ಕೊಳ್ಳುತ್ತೇನೆ ಎನ್ನುವವರು ಇಲ್ಲವಾದರು. ಸೊಸೈಟಿಯನ್ನು ಮುಚ್ಚುವುದೋ, ಅದು ತಾನೇ ನೂಲು ಕೊಂಡು ತಾನೇ ಸೀರೆ ಮಾರುವುದೋ ಎಂದು ನಿರ್ಧರಿಸಲು ಅಮಾವಾಸ್ಯೆ ಕಳೆದ ಮೇಲೆ ಸಭೆ ಕರೆದಿದ್ದರು.

"ಸಭಾದಾಗ ಎಲ್ಲಾರೂ ಮಾತಾಡತಾರ. ಸೀರಿ ಯಾರು ತಗೋತಾರ ಅನ್ನೂದು ಮಾತ್ರ ಒಬ್ಬರಿಗೂ ಗೊತ್ತಿಲ್ಲ. ಹೋಗಿ ಕೇಳಿ ಬರೂಣು, ನಡಿ ತಮ್ಮಾ" ಅಂದಳು ಅಕ್ಕ.

ಗದಗಿನಲ್ಲಿ ಬಸ್ಸು ತುಂಬುವವರೆಗೂ ಡ್ರೈವರ ಚಹಾದಂಗಡಿ ಬಿಟ್ಟು ಏಳಲಿಲ್ಲ. ಲಕ್ಷ್ಮೇಶ್ವರಕ್ಕೆ ಒಬ್ಬೊಬ್ಬರಿಗೆ ಹದಿನಾಲ್ಕಾಣೆ, ಗಂಟಿಗೆ ಬೇರೆ ಎರಡಾಣೆ. ಮುಳಗುಂದ ದಾಟಿದ ಮೇಲೆ ರಸ್ತೆಯ ಎರಡೂ ಕಡೆ ಎರೆಹೊಲ, ಹತ್ತಿಯ ಗಿಡ ಮೊಳಕಾಲುದ್ದ ಬಂದಿತ್ತು. ಮುಂದಿನ ಸೀಟಿನವರು ಏಕೀಕರಣದ ಮಾತು ತೆಗೆದರು. ಮುಂಬಯಿಯವರು ನಮ್ಮನ್ನು ಬಿಡುತ್ತಾರೋ ಇಲ್ಲವೋ, ಮೈಸೂರಿನವರು ಕರೆದುಕೊಳ್ಳುತ್ತಾರೋ ಇಲ್ಲವೋ ಎಂದು ವಾದ ಬೆಳೆಯಿತು. ಒಂದು ಕಡೆ ಬಸ್ಸು ನಿಧಾನವಾದಾಗ ಒಬ್ಬ ಮುದುಕ ಕಿಟಕಿಯಿಂದ ಕೈ ಚಾಚಿ, "ಇಲ್ಲೇ ನಾಕಾ ಇತ್ರಿ, ಸಂಸ್ಥಾನದ್ದು. ಒಂದು ಚೀಲ ಜ್ವಾಳ ದಾಟಿಸಬೇಕಂದ್ರ ಹಗಲೆಲ್ಲಾ ನಿಲ್ಲಬೇಕಾಗತಿತ್ತು" ಎಂದ. ಅಲ್ಲೀಗ ಒಂದು ಬೇವಿನ ಮರ, ಅದರ ಕೆಳಗೆ ಎರಡು ಕತ್ತೆ ನಿಂತಿದ್ದವು.

ಲಕ್ಷ್ಮೇಶ್ವರದಿಂದ ಶಿಗ್ಲಿಗೆ ಚಕ್ಕಡಿ ಸಿಕ್ಕಿತು. ಅಲ್ಲಿ ಅಕ್ಕನ ಮೈದುನ ವಿರೂಪಾಕ್ಷಪ್ಪನ ಮನೆ. ಅವನೂ ನೇಕಾರ. ಅಂಗಳಕ್ಕೆ ಕಾಲಿಡುವಾಗಲೇ ಮಗ್ಗದ ಸದ್ದು ಕೇಳಿತು. ಬಿಸಿ ರೊಟ್ಟಿ, ಹಿಂಡಿಪಲ್ಯ, ಗಟ್ಟಿ ಮೊಸರು ಬಡಿಸಿದರು. ಉಣ್ಣುತ್ತಲೇ ಅವನು ತನ್ನ ಸುದ್ದಿ ಹೇಳಿದ. ಲಕ್ಷ್ಮೇಶ್ವರದ ಸಾವಕಾರನೊಬ್ಬ ನೂಲು ಕೊಡುತ್ತಾನೆ, ನೇಯ್ದದ್ದೆಲ್ಲ ಅವನಿಗೇ ಒಪ್ಪಿಸಬೇಕು.

"ಮೊದಲು ಸರ್ಕಾರ ಕೊಡತಿತ್ತು, ಈಗ ಸಾವಕಾರ ಕೊಡತಾನ. ನಮ್ಮ ಕೆಲಸ ಮಗ್ಗ ಬಡಿಯೂದು, ಅಷ್ಟ. ನೀವೂ ಅವನ ಕಡೆ ಬರ್ರಿ ಅತ್ತಿಗಿ. ಒಬ್ಬಾಕಿ ಹೆಣಮಗಳು ಊರೂರು ತಿರುಗಿ ಮಾರಾಕ ಆಗೂದಲ್ಲ ಇದು" ಅಂದ.

"ಅವ ಕಪ್ಪು ನೇಯಿ ಅಂದ್ರ ಕಪ್ಪು ನೇಯಬೇಕಲ್ಲ?" ಅಂದಳು ಅಕ್ಕ.

"ಹೂನ್ರಿ. ನಿಶ್ಚಿಂತಿ ಇರತೈತಿ."

ಅವನು ಸುಳ್ಳು ಹೇಳುತ್ತಿರಲಿಲ್ಲ. ಮನೆಯಲ್ಲಿ ಕಾಳು ಇತ್ತು, ಮಕ್ಕಳ ಮೈಮೇಲೆ ಒಳ್ಳೆಯ ಅಂಗಿ ಇದ್ದವು. ಅಕ್ಕ ಎದ್ದು ಕೈತೊಳೆದಳು.

ಮರುದಿನ ಲಕ್ಷ್ಮೇಶ್ವರದ ಸಂತೆಯಲ್ಲಿ ಕುಳಿತೆವು. ಒಂದು ಕಡೆ ಮೆಣಸಿನಕಾಯಿ ರಾಶಿ, ಇನ್ನೊಂದು ಕಡೆ ಗಡಿಗೆಯವರು. ಬಿಸಿಲೇರಿದಂತೆ ಘಾಟು ಮೂಗಿಗೆ ಹತ್ತಿ ನನಗೆ ಸೀನು ನಿಲ್ಲಲಿಲ್ಲ. ಬಹಳ ವರ್ಷಗಳ ಮೇಲೆ ಅಕ್ಕ ತನಗೆ ತಿಳಿದ ಬಣ್ಣ ಹಾಕಿ ನೇಯ್ದ ಸೀರೆಗಳವು: ಹಸಿರು ಮೈಗೆ ಕೆಂಪು ದಡಿ, ಕುಸುಬಿ ಹೂವಿನ ಬಣ್ಣಕ್ಕೆ ಕಪ್ಪು ದಡಿ. ಹೆಂಗಸರು ಬಂದರು, ಮುಟ್ಟಿದರು, ಗಲ್ಲಕ್ಕೆ ಒತ್ತಿ ನೋಡಿದರು, ಬಿಡಿಸಿದರು, ಮಡಿಚಿಟ್ಟು ಹೋದರು. ಮಧ್ಯಾಹ್ನದವರೆಗೆ ಒಂದೂ ಹೋಗಲಿಲ್ಲ. ಒಬ್ಬ ದಲ್ಲಾಳಿ ಬಂದು ಎಲ್ಲವನ್ನೂ ಸಗಟು ಕೇಳಿದ. ನೂಲಿನ ಖರ್ಚೂ ಹುಟ್ಟದ ಧಾರಣೆ ಅದು. ಅಕ್ಕ ತಲೆ ಅಲ್ಲಾಡಿಸಿದಳು. ನಾನು, "ಕೊಟ್ಟುಬಿಡು, ಮನಿಗೆ ಹೋಗೂಣು" ಅಂದೆ. "ಇನ್ನೂ ಎರಡು ಊರು ಅದಾವು" ಅಂದಳು.

ಶಿರಹಟ್ಟಿಗೆ ಸಂಜೆ ಮುಟ್ಟಿದೆವು. ಮಠದ ಹತ್ತಿರ ಪರಿಚಯದವರೊಬ್ಬರ ಮನೆಯಲ್ಲಿ ಇಳಿದುಕೊಂಡೆವು. ಸೀರೆ ಬಂದಿವೆ ಎಂದು ತಿಳಿದು ಬೆಳಿಗ್ಗೆ ಪಕ್ಕದ ಓಣಿಯಿಂದ ಫಕೀರವ್ವ ಎಂಬ ಒಕ್ಕಲುತನದ ಮನೆಯ ಹೆಂಗಸು ಬಂದಳು. ಗಟ್ಟಿ ಆಳು, ಗಟ್ಟಿ ದನಿ. ಹಸಿರು ಸೀರೆ ನೋಡಿ ಮುಖ ಅರಳಿತು.

"ಇಷ್ಟು ವರ್ಷ ಆ ಕಂಟ್ರೋಲಿನ ಕರೇ ಸೀರಿ ಉಟ್ಟು ಸಾಕಾಗೇತ್ರಿ. ಇದು ಚಂದ ಐತಿ" ಎಂದು ಉಟ್ಟ ಸೀರೆಯ ಮೇಲೆಯೇ ಸುತ್ತಿಕೊಂಡು, ಕಚ್ಚೆ ಹಾಕಲು ನಿರಿಗೆಯನ್ನು ಹಿಂದಕ್ಕೆ ಎಳೆದಳು. ಎಳೆದಳು, ಇನ್ನೊಮ್ಮೆ ಎಳೆದಳು, ಆಮೇಲೆ ಜೋರಾಗಿ ನಕ್ಕಳು. "ಎವ್ವಾ, ಇದೂ ಅದರಷ್ಟ ಗಿಡ್ಡ! ಕಚ್ಚಿ ಹಾಕಿದ್ರ ಸೆರಗಿಲ್ಲ, ಸೆರಗು ಹೊತ್ತರ ಕಚ್ಚಿ ಇಲ್ಲ! ನಾ ಹೊಲದಾಗ ಹೆಂಗ ಬಗ್ಗಲಿ?"

ಅಕ್ಕ ಸೀರೆಯನ್ನು ತೆಗೆದುಕೊಂಡು ಮೊಳ ಹಾಕಿದಳು. ನೂಲು ಎಲ್ಲರಿಗೂ ಸಾಲಲೆಂದು ಕಂಟ್ರೋಲಿನವರು ಗೊತ್ತುಮಾಡಿದ್ದ ಗಿಡ್ಡ ಅಳತೆ ಅದು. ಬಣ್ಣ ಬದಲಿಸಿದ್ದಳು, ದಡಿ ಬದಲಿಸಿದ್ದಳು. ಸೀರೆ ಎಲ್ಲಿಗೆ ಮುಗಿಯಬೇಕೆಂಬುದನ್ನು ಮಾತ್ರ ಕೈ ತನ್ನಷ್ಟಕ್ಕೆ ತಾನೇ ನಿರ್ಧರಿಸಿತ್ತು. ಅವಳ ಮುಖ ಕೆಂಪಾಯಿತು. ನಾನು ಸಮಾಧಾನ ಹೇಳಲು ಬಾಯಿ ತೆಗೆದೆ. ಅಷ್ಟರಲ್ಲಿ ಅವಳೂ ನಗತೊಡಗಿದಳು. "ಯಾರೂ ಕೇಳಲಿಲ್ಲ, ನಾನೂ ಕೇಳಲಿಲ್ಲ. ಹೇಳವ್ವಾ, ಎಷ್ಟು ಮೊಳ ಬೇಕು?" ಎಂದು ಫಕೀರವ್ವನ ಮುಂದೆ ಕುಕ್ಕರಗಾಲಲ್ಲಿ ಕುಳಿತಳು. ಹದಿನಾರು ಮೊಳ ಎಂದಳು ಅವಳು. ದಡಿ ಅಗಲ ಬೇಕು, ಒಗೆದರೆ ಬಣ್ಣ ಬಿಡಬಾರದು, ಸೆರಗು ಕೆಂಪೇ ಇರಬೇಕು. ಹೋಗುವಾಗ ಹಸಿರು ಸೀರೆಯನ್ನು ಇನ್ನೂ ಕಚ್ಚೆ ಹಾಕದ, ಮದುವೆಯ ವಯಸ್ಸಿಗೆ ಬಂದ ಮಗಳಿಗೆಂದು ಕೊಂಡೇ ಹೋದಳು.

ಅಲ್ಲಿಂದ ಅಕ್ಕನ ನಡೆಯೇ ಬೇರೆಯಾಯಿತು. ಕಪ್ಪತಗುಡ್ಡದ ಅಂಚು ಬಳಸಿ ಮುಂಡರಗಿಗೆ ಹೋಗುವ ಮೋಟಾರಿನಲ್ಲಿ ಪಕ್ಕದ ಹೆಂಗಸರನ್ನೆಲ್ಲ ಮಾತಾಡಿಸಿದಳು. ಗುಡ್ಡದ ಮೇಲೆ ಹುಲ್ಲು ಹಳದಿಗೆ ತಿರುಗಿತ್ತು, ಗಾಳಿ ತಣ್ಣಗಿತ್ತು. ನಾನು ಅದನ್ನು ನೋಡುತ್ತಿದ್ದರೆ ಅವಳು ಯಾರದೋ ಸೀರೆಯ ಅಂಚನ್ನು ಬೆರಳಲ್ಲಿ ಉಜ್ಜಿ ನೋಡುತ್ತಿದ್ದಳು.

ಮುಂಡರಗಿಯಲ್ಲಿ ಇನ್ನೆರಡು ಸೀರೆ ಹುಡುಗಿಯರಿಗೆಂದು ಹೋದವು. ಬಟ್ಟೆ ಅಂಗಡಿಯ ಮುದಿ ಯಜಮಾನರು ನೇಯ್ಗೆಯನ್ನು ಬೆಳಕಿಗೆ ಹಿಡಿದು ಬಹಳ ಹೊತ್ತು ನೋಡಿದರು. "ಕೈ ಚಲೋ ಐತಿ ತಂಗಿ. ಉದ್ದ ಸೀರಿ ತಂದ್ರ ಅಂಗಡಿಯಾಗ ಇಡತೀನಿ. ಹೋದ್ರ ನಿನ್ನ ರೊಕ್ಕ ನಿನಗ, ಹೋಗಲಿಲ್ಲಂದ್ರ ಸೀರಿ ವಾಪಸ್ಸು. ಮುಂಗಡಾ ಮಾತ್ರ ಕೊಡಂಗಿಲ್ಲ" ಎಂದರು. ಅಕ್ಕ ಒಪ್ಪಿದಳು. ಖಾನಾವಳಿಯಲ್ಲಿ ಉಂಡು, ಡಂಬಳದ ಕೆರೆಯ ಏರಿ ಹಾಯ್ದು ಗದಗಿಗೆ ಬಂದೆವು.

ಸಭೆ ಸೊಸೈಟಿಯ ಗೋದಾಮಿನಲ್ಲಿ ಕೂಡಿತು. ಸರ್ಕಾರವೇ ಮತ್ತೆ ಬಟ್ಟೆ ಎತ್ತಿಕೊಳ್ಳಲಿ ಎಂದು ಕೆಲವರು, ಸಾವಕಾರರ ಕಡೆ ಹೋಗೋಣ ಎಂದು ಹಲವರು. ಗೋಡೆಗೆ ಆತು ಕುಳಿತಿದ್ದ ಅಕ್ಕ ಎದ್ದು ನಿಂತಳು. ಆ ಗೋದಾಮಿನ ಸಭೆಯಲ್ಲಿ ಹೆಂಗಸು ಎದ್ದು ಮಾತಾಡಿದ್ದನ್ನು ನಾನು ಕಂಡಿರಲಿಲ್ಲ. "ಸೊಸೈಟಿ ಇರಲ್ರಿ. ನೂಲು ಕೂಡಿ ತರೂಣು, ಸಸ್ತಾ ಬೀಳತೈತಿ. ಏನು ನೇಯಬೇಕಂತ ಮಾತ್ರ ಉಡವರನ್ನ ಕೇಳೂಣು. ನಾ ಮುಂಡರಗಿತನಾ ಹೋಗಿ ಕೇಳಿ ಬಂದೀನಿ" ಎಂದು, ಕೇಳಿದ್ದನ್ನೆಲ್ಲ ಹೇಳಿದಳು.

ಎಲ್ಲರೂ ಒಪ್ಪಲಿಲ್ಲ. ಅರ್ಧಕ್ಕಿಂತ ಹೆಚ್ಚು ಮನೆಗಳು ಸೊಸೈಟಿ ಬಿಟ್ಟವು. ಅವರನ್ನು ಯಾರೂ ಆಡಿಕೊಳ್ಳಲಿಲ್ಲ. ಶಿಗ್ಲಿಯ ಮನೆಯನ್ನು ಕಂಡು ಬಂದ ನನಗೆ ಅವರ ಅಂಜಿಕೆ ಅರ್ಥವಾಗುತ್ತಿತ್ತು. ಉಳಿದವರು ಸೊಸೈಟಿಗೆ ನೂಲು ಆರಿಸಿ ತರುವ ಕೆಲಸವನ್ನು ಅಕ್ಕನಿಗೇ ಒಪ್ಪಿಸಿದರು.

ಮರುದಿನ ಗದಗಿನ ಪೇಟೆಗೆ ಅವಳ ಜೊತೆ ನಾನೂ ಹೋದೆ. ಅಂಗಡಿಯವನು ಕೆಂಪು ನೂಲಿನ ಲಡಿಗಳನ್ನು ಮುಂದೆ ಹರವಿದ. ಅಕ್ಕ ಒಂದನ್ನೆತ್ತಿಕೊಂಡು ಮೆಟ್ಟಿಲಿಳಿದು ಬೀದಿಗೆ ನಡೆದಳು.

"ಎಲ್ಲಿ ಹೊಂಟ್ರಿ? ಒಳಗ ನೋಡ್ರಿ, ದೀಪಾ ಹಚ್ಚತೀನಿ" ಎಂದು ಅವನು ಕೂಗಿದ.

"ದೀಪದಾಗ ಯಾರು ಹೊಲದ ಕಳಿ ತಗೀತಾರಪಾ? ಇದನ್ನ ಉಡವರು ಬಿಸಲಾಗ ಇರತಾರ." ಎಂದು ಅವಳು ಲಡಿಯನ್ನು ಬಿಸಿಲಿಗೆ ಹಿಡಿದು ನಿಂತಳು. ಹಾದಿಯ ಚಕ್ಕಡಿಗಳು ಅವಳನ್ನು ಬಳಸಿಕೊಂಡು ಹೋಗತೊಡಗಿದವು.