ಖೋಖೋ ಹುಡುಗಿಯರ ಹೊಟ್ಟೆನೋವು

2018ರಲ್ಲಿ ನಾನು ಕುಮಟಾ ತಾಲೂಕಿನ ಒಂದು ಪ್ರಾಥಮಿಕ ಆರೋಗ್ಯ ಕೇಂದ್ರದಲ್ಲಿ ವೈದ್ಯಾಧಿಕಾರಿಯಾಗಿದ್ದೆ. ಅದಕ್ಕೂ ಮೊದಲು ಭಟ್ಕಳದಲ್ಲಿ ಎಂಟು ವರ್ಷ, ಹೊನ್ನಾವರದಲ್ಲಿ ಆರು ವರ್ಷ ಕೆಲಸ ಮಾಡಿದ್ದೆ. ನಿವೃತ್ತಿಗೆ ಇನ್ನು ಮೂರೇ ವರ್ಷ. ಈ ಕರಾವಳಿಯ ಹೊಟ್ಟೆಗಳನ್ನೆಲ್ಲ ಒಮ್ಮೆಯಾದರೂ ಒತ್ತಿ ನೋಡಿದ್ದೇನೆ ಎಂಬ ಜಂಬವೂ ಸ್ವಲ್ಪ ಇತ್ತು. ಆ ಜಂಬ ಇಳಿದ ಬಗೆಯನ್ನು ಹೇಳುತ್ತೇನೆ. ನಗುವವರು ನಗಬಹುದು, ನಾನೇ ಈಗ ನಗುತ್ತೇನೆ.

ಆಗಸ್ಟ್ ತಿಂಗಳ ಒಂದು ಬುಧವಾರ ಬೆಳಿಗ್ಗೆ ಹತ್ತರ ಸುಮಾರಿಗೆ ಸಮೀಪದ ಹಿರಿಯ ಪ್ರಾಥಮಿಕ ಶಾಲೆಯ ದೈಹಿಕ ಶಿಕ್ಷಕ ಶಬ್ಬೀರ್ ಮಾಸ್ತರರು ಎರಡು ರಿಕ್ಷಾ ತುಂಬ ಹುಡುಗಿಯರನ್ನು ಕರೆತಂದರು. ಎಂಟು ಮಂದಿ, ಎಲ್ಲರೂ ಆರನೇ, ಏಳನೇ ತರಗತಿಯವರು. ಹೊಟ್ಟೆ ಉಬ್ಬರ, ನುಲಿತ, ನೀರಿನಂಥ ಭೇದಿ. ಜ್ವರವಿಲ್ಲ, ವಾಂತಿಯಿಲ್ಲ. ತಾಲೂಕು ಮಟ್ಟದ ಕ್ರೀಡಾಕೂಟ ಹತ್ತಿರ ಬಂದಿದ್ದರಿಂದ ಶಾಲೆಯ ಹನ್ನೆರಡು ಮಂದಿಯ ಖೋಖೋ ತಂಡಕ್ಕೆ ಬೆಳಿಗ್ಗೆ ಅಭ್ಯಾಸ ನಡೆಯುತ್ತಿತ್ತು. ಈ ಎಂಟೂ ಮಂದಿ ಆ ತಂಡದವರೇ. ಏನು ತಿಂದಿರಿ ಎಂದು ಕೇಳಿದೆ. ಹಾಲು ಬಿಟ್ಟು ಏನೂ ಇಲ್ಲ ಎಂದರು. ಮಾಸ್ತರರು ಮಕ್ಕಳ ಮೇಲಿನ ಪ್ರೀತಿಯಿಂದ ಆ ದಿನದಿಂದಲೇ ತಾವಾಗಿ ಹಾಲಿನ ಪ್ಯಾಕೆಟ್ ತಂದು ಕೊಡತೊಡಗಿದ್ದರು. ಅದನ್ನು ಕಾಯಿಸಿ ಕೊಟ್ಟವಳು ಬಿಸಿಯೂಟದ ಅಡುಗೆಯ ಗಣಪಿ.

ಓಆರ್‌ಎಸ್ ಕೊಟ್ಟೆ. ಸಂಜೆಯೊಳಗೆ ಎಲ್ಲರೂ ಗೆಲುವಾಗಿ ಮನೆಗೆ ಹೋದರು. ನಾನು ಶಾಲೆಗೆ ಹೋಗಿ ಅಡುಗೆಮನೆ ನೋಡಿದೆ, ಬಾವಿ ನೀರಿನ ಮಾದರಿಯನ್ನು ಜಿಲ್ಲಾ ಪ್ರಯೋಗಾಲಯಕ್ಕೆ ಕಳಿಸಿದೆ, ಅಲ್ಲೇ ಕುರ್ಚಿಯಲ್ಲಿ ಕುಳಿತು ಒಂದು ಪುಟದ ವರದಿ ಬರೆದೆ. ಕೊನೆಯ ಸಾಲು ಹೀಗಿತ್ತು: ‘ಪಾತ್ರೆಗಳ ಶುಚಿತ್ವದ ಬಗ್ಗೆ ಸಂಶಯವಿದೆ.’ ಪಾತ್ರೆಗಳು ಫಳಫಳ ಹೊಳೆಯುತ್ತಿದ್ದುದನ್ನು ಕಣ್ಣಾರೆ ಕಂಡಿದ್ದೆ. ಆದರೂ ಹಾಲಿನಂಥ ಹಾಲನ್ನು ಅನುಮಾನಿಸುವುದು ಹೇಗೆ? ತೋಟದ ಮನೆಯಲ್ಲಿ, ಕೊಟ್ಟಿಗೆ ತುಂಬ ಆಕಳುಗಳ ನಡುವೆ ಹುಟ್ಟಿ ಬೆಳೆದವನು ನಾನು. ಹಾಲಿನಿಂದ ಕೇಡಾಗಿದ್ದರೆ ಹಾಲಿಗೆ ಬೇರೇನೋ ಸೇರಿರಬೇಕು ಎಂಬುದು ನಮ್ಮ ಮನೆಯ ನಂಬಿಕೆ. ಅದೇ ನನ್ನ ವರದಿಯೂ ಆಯಿತು.

ಆ ಒಂದು ಸಾಲು ಸಾಕಾಯಿತು. ಮರುದಿನವೇ ಶಾಲಾ ಸಮಿತಿಯವರು ಗಣಪಿಯನ್ನು ಕೆಲಸಕ್ಕೆ ಬರಬೇಡ ಎಂದರು. ಹನ್ನೊಂದು ವರ್ಷ ಅಡುಗೆ ಮಾಡಿದವಳು ಅವಳು.

ಸೋಮವಾರ ಹೊಸ ಅಡುಗೆಯವಳು ಹೊಸ ಪಾತ್ರೆಯಲ್ಲಿ, ನನ್ನ ಸೂಚನೆಯಂತೆ ಹತ್ತು ನಿಮಿಷ ಕುದಿಸಿ ಹಾಲು ಕೊಟ್ಟಳು. ಹತ್ತು ಗಂಟೆಗೆ ಅದೇ ಎರಡು ರಿಕ್ಷಾ ಬಂದವು, ಅದೇ ಹುಡುಗಿಯರು ಇಳಿದರು. ಈ ಸಲ ಏಳು ಮಂದಿ. ನೀರಿನ ಫಲಿತಾಂಶವೂ ಅಂದೇ ಬಂತು. ಬಾವಿಯ ನೀರು ಶುದ್ಧವಾಗಿತ್ತು.

ಮರುದಿನ ಒಪಿಡಿಯ ಸಾಲಿನಲ್ಲಿ ಗಣಪಿ ನಿಂತಿದ್ದಳು. ಐವತ್ತರ ಹೆಂಗಸು, ಕೊರಳ ತುಂಬ ಮಣಿಸರ. ಬಿಪಿ ಮಾತ್ರೆಗೆ ಬಂದಿದ್ದಳು. ಪಟ್ಟಿ ಸುತ್ತಿ ನೋಡಿದರೆ ನೂರ ಎಪ್ಪತ್ತು. ಮಾತ್ರೆ ಬಿಟ್ಟಿದ್ದೀಯಾ ಎಂದು ಗದರಿದೆ. ಅವಳು ತಣ್ಣಗೆ ಹೇಳಿದಳು:

“ಮಾತ್ರೆ ಬಿಡ್ಲಿಲ್ಲ ಡಾಕ್ಟ್ರೇ. ಕೆಲ್ಸ ಹೋದ್ರೆ ಹೋಗ್ಲಿ, ಗದ್ದೆ ಉಂಟು. ಆದ್ರೆ ನನ್ ಕೈ ಕೊಳಕು ಅಂತ ಕೇರಿಗೆಲ್ಲ ಆತು. ಮೊನ್ನೆ ತಂಗಿ ಮನೆ ಕಾರ್ಯದಲ್ಲಿ ನನ್ನ ಬಡಿಸೂಕೆ ಕರೀಲಿಲ್ಲ. ನೀವ್ ಬರದ್ದು, ನೀವೇ ಅಳಸ್ಬೇಕು.”

ನನಗೆ ನಾಚಿಕೆಯಾಯಿತು. ಕುಳಿತುಕೋ ಎಂದು ಮೊದಲಿನಿಂದ ಎಲ್ಲವನ್ನೂ ಕೇಳಿದೆ. ಆ ಹುಡುಗಿಯರಿಗೆ ಬರಿ ಹೊಟ್ಟೆಗೆ ತಲಾ ಮೂರು ಲೋಟ ಹಾಲು ಸಿಕ್ಕಿತ್ತೆಂಬುದು ಆಗ ತಿಳಿಯಿತು. ಏನು ತಿಂದಿರಿ ಎಂದು ಕೇಳಿದ್ದ ನಾನು ಎಷ್ಟು ಎಂದು ಕೇಳಿರಲೇ ಇಲ್ಲ. ಶಾಲೆಯಲ್ಲಿ ಸರಕಾರದ ಹಾಲಿನ ಪುಡಿಯಿಂದ ಎಲ್ಲರಿಗೂ ಒಂದೊಂದು ಲೋಟ ಕೊಡುವುದನ್ನೂ ಇವಳೇ ಮಾಡುತ್ತಿದ್ದಳು. ಅದೇ ಪಾತ್ರೆ, ಅದೇ ಕೈ. ಒಂದನೇ ತರಗತಿಯ ಪುಟಾಣಿಗಳಿಗೆ ಏನೂ ಆಗಿರಲಿಲ್ಲ. ಪಾತ್ರೆ ಕೊಳಕಾಗಿದ್ದರೆ ಮೊದಲು ಮಲಗುವವರು ಅವರು. ಇದು ನನಗೆ ಮೊದಲ ದಿನವೇ ಹೊಳೆಯಬೇಕಿತ್ತು.

ನಿಮ್ಮ ಮನೆಯಲ್ಲಿ ಹುಡುಗಿಯರು ಹಾಲು ಕುಡಿಯುವುದಿಲ್ಲವೇ ಎಂದೆ. ಅವಳಿಗೆ ನಗು ಬಂತು.

“ಎಂತ ಡಾಕ್ಟ್ರೇ, ನಮ್ ಕೇರೀಲಿ ಹಾಲು ಕುಡೂದು ಕರು ಮಾತ್ರ. ಉಳದ್ದು ಹೆಪ್ಪಿಗೆ.”

ಎಂಬಿಬಿಎಸ್ ಮೊದಲ ವರ್ಷದ ಪಾಠ ಥಟ್ಟನೆ ಎದ್ದು ಬಂತು. ಹಾಲಿನಲ್ಲಿ ಲ್ಯಾಕ್ಟೋಸ್ ಎಂಬ ಸಕ್ಕರೆಯಿದೆ. ಅದನ್ನು ಕರಗಿಸಲು ಸಣ್ಣ ಕರುಳಿನಲ್ಲಿ ಲ್ಯಾಕ್ಟೇಸ್ ಎಂಬ ಕಿಣ್ವ ಬೇಕು. ಮೊಲೆಯುಣ್ಣುವ ಕಂದನಲ್ಲಿ ಅದು ಧಾರಾಳ. ಬೆಳೆದಂತೆ ಬಹಳ ಜನರಲ್ಲಿ ಕಡಿಮೆಯಾಗುತ್ತದೆ. ಕರಗದ ಸಕ್ಕರೆ ದೊಡ್ಡ ಕರುಳಿಗೆ ಇಳಿದರೆ ಉಬ್ಬರ, ಗುಡುಗುಡು, ಭೇದಿ. ಒಂದು ಲೋಟ ಹಾಲನ್ನು ಇಂಥವರೂ ಹೆಚ್ಚಾಗಿ ತಡೆದುಕೊಳ್ಳುತ್ತಾರೆ, ಬರಿ ಹೊಟ್ಟೆಗೆ ಮೂರು ಲೋಟವಾದರೆ ಕಷ್ಟ. ಇದು ರೋಗವಲ್ಲ. ಮನುಷ್ಯನ ಹಳೆಯ ಸ್ಥಿತಿಯೇ ಇದು. ಸಾವಿರಾರು ವರ್ಷ ದನಕರುಗಳ ಜೊತೆ ಬದುಕಿ ಹಸಿ ಹಾಲನ್ನೇ ನೆಚ್ಚಿಕೊಂಡ ಕೆಲವು ಜನಸಮುದಾಯಗಳಲ್ಲಿ ಮಾತ್ರ, ದೊಡ್ಡವರಾದ ಮೇಲೂ ಕಿಣ್ವ ಉಳಿಯುವ ಗುಣ ತಲೆಮಾರಿನಿಂದ ತಲೆಮಾರಿಗೆ ಹಬ್ಬಿತು. ನಮ್ಮ ಕರಾವಳಿಯ ಸೆಕೆಯಲ್ಲಿ ಬೆಳಗಿನ ಹಾಲು ಮಧ್ಯಾಹ್ನದವರೆಗೆ ಉಳಿಯುವುದೇ ಕಷ್ಟ. ಇಲ್ಲಿನ ಹೆಂಗಸರು ಅದಕ್ಕೆ ಹೆಪ್ಪು ಹಾಕಿದರು. ಮೊಸರಿನ ಬ್ಯಾಕ್ಟೀರಿಯಾಗಳು ಆ ಸಕ್ಕರೆಯಲ್ಲಿ ಒಂದು ಪಾಲನ್ನು ನಮಗಿಂತ ಮೊದಲೇ ತಿಂದು ಮುಗಿಸುತ್ತವೆ. ದೇಹ ಬದಲಾಗದ ಕಡೆ ಅಡುಗೆ ಬದಲಾಯಿತು. ಹಾಲಿನಿಂದ ಸಿಗುವ, ಎಲುಬಿಗೆ ಬೇಕಾದ ಸುಣ್ಣದಂಶಕ್ಕಾದರೆ ಆ ಹುಡುಗಿಯರು ಸಣ್ಣ ಮೀನನ್ನು ಮುಳ್ಳಿನ ಸಮೇತ ಅಗಿಯುವವರು.

ಶನಿವಾರ ಬೆಳಿಗ್ಗೆ ಶಾಲಾ ಸಮಿತಿಯ ಸಭೆ ಕರೆಸಿದೆ. ಗಣಪಿಯನ್ನೂ ಬರಹೇಳಿದೆ. ಮೇಲಿನದನ್ನೆಲ್ಲ ಬೋರ್ಡಿನ ಮೇಲೆ ಚಿತ್ರ ಬರೆದು ವಿವರಿಸಿದೆ. ಸಮಿತಿಯ ಅಧ್ಯಕ್ಷ ಹನುಮಂತ ನಾಯ್ಕರು ಮೀಸೆ ಸವರಿಕೊಂಡರು. “ಹಾಲು ಕುಡ್ದು ಕೇಡಾಗೂದು ನಾವ್ ಕೇಳಿಲ್ಲ. ಡಾಕ್ಟ್ರೇ, ನೀವ್ ಹೇಳೂದು ತೋರ್ಸಿ ಹೇಳಿ.”

ಅಲ್ಲಿ ನನ್ನ ಬುದ್ಧಿವಂತಿಕೆ ಮೇರೆ ಮೀರಿತು. ಮಕ್ಕಳ ಮೇಲೆ ಪ್ರಯೋಗ ಸಲ್ಲದು, ದೊಡ್ಡವರೇ ಕುಡಿಯೋಣ ಎಂದೆ. ಹಾಲುಂಡು ಬೆಳೆದ ಮನೆತನದವನು ನಾನು, ನನಗೇನೂ ಆಗದು. ಹಾಲಿನ ರೂಢಿಯಿಲ್ಲದವರಿಗೆ ಆಗುತ್ತದೆ, ವ್ಯತ್ಯಾಸ ನಿಮಗೇ ಕಾಣುತ್ತದೆ ಎಂದು ಘೋಷಿಸಿದೆ. ಮನೆಯಲ್ಲೂ ಏನೂ ತಿನ್ನದೆ ಬಂದಿದ್ದೆ. ಗಣಪಿಯೇ ತನ್ನ ಹಳೆಯ ಪಾತ್ರೆಯಲ್ಲಿ ಹಾಲು ಕಾಯಿಸಿದಳು. ನಾನು ಮೂರು ಲೋಟ, ಹಾಲಿನ ರೂಢಿಯಿಲ್ಲವೆಂದು ನಾನು ಲೆಕ್ಕ ಹಾಕಿದ್ದ ಭಟ್ಕಳದ ಶಬ್ಬೀರ್ ಮಾಸ್ತರರು ಮೂರು ಲೋಟ, ನಾಯ್ಕರು ಹಟಕ್ಕೆ ಬಿದ್ದು ಮೂರು ಲೋಟ.

ಮುಕ್ಕಾಲು ಗಂಟೆ ಕ್ರೀಡಾಕೂಟದ ಬಸ್ಸಿನ ವಿಚಾರ ಮಾತಾಡಿದೆವು. ಮಾಸ್ತರರು ಆರಾಮಾಗಿದ್ದರು. ನಾಯ್ಕರು ಒಂದೆರಡು ಸಲ ತೇಗಿದರು, ಅಷ್ಟೇ. ನನ್ನ ಹೊಟ್ಟೆಯೊಳಗೆ ಮಾತ್ರ ಯಾರೋ ಕೊಡ ಉರುಳಿಸಿದಂತಾಯಿತು. ಸದ್ದು ಎದುರಿನ ಬೆಂಚಿನವರಿಗೂ ಕೇಳಿಸಿತು. ಮೊದಲು ಕೆಮ್ಮಿ ಮುಚ್ಚಿದೆ, ಆಮೇಲೆ ಕುರ್ಚಿ ಎಳೆದು ಮುಚ್ಚಿದೆ. ಕೊನೆಗೆ ಮಾನ ಮರ್ಯಾದೆ ಬಿಟ್ಟು, ಕಚ್ಚೆ ಕಟ್ಟಿದವನ ಹಾಗೆ ಶಾಲೆಯ ಹಿಂದಿನ ಶೌಚಾಲಯಕ್ಕೆ ಓಡಿದೆ. ಎರಡು ಸಲ.

ತಿರುಗಿ ಬಂದಾಗ ಇಡೀ ಸಭೆ ನೆಲ ನೋಡುತ್ತಿತ್ತು. ಎಲ್ಲರ ಹೆಗಲೂ ಅಲುಗುತ್ತಿದ್ದವು. ಗಣಪಿ ಒಂದು ಲೋಟ ಹಿಡಿದು ಮುಂದೆ ಬಂದಳು. ಶುಂಠಿ ಜಜ್ಜಿ, ಉಪ್ಪು ಹಾಕಿದ ನೀರು ಮಜ್ಜಿಗೆ. “ಇದು ಕುಡೀರಿ. ಇದು ಆಗ್ತದೆ ನಿಮ್ಗೆ” ಎಂದಳು.

ಎಲ್ಲರೆದುರು ಅವಳ ಕೈಯಿಂದ ಇಸಿದುಕೊಂಡು ಒಂದೇ ಗುಟುಕಿಗೆ ಕುಡಿದೆ. ಮತ್ತೊಂದು ಲೋಟ ಕೇಳಿದೆ. ಒಂದೇ ಪಾತ್ರೆಯ ಹಾಲು, ಓಡಿದವರು ಡಾಕ್ಟರೊಬ್ಬರೇ, ಪಾತ್ರೆಯದೇನು ತಪ್ಪು ಎನ್ನುತ್ತ ನಾಯ್ಕರು ತಮಗೂ ಒಂದು ಕೊಡು ಎಂದರು. ಆಮೇಲೆ ಸಭೆಯಲ್ಲಿದ್ದ ಹನ್ನೊಂದು ಮಂದಿಯೂ ಕುಡಿದರು. ಗಣಪಿ ಸೆರಗಿನಿಂದ ಕಣ್ಣೊರೆಸಿಕೊಂಡಳು.

ಅಲ್ಲೇ ಕುಳಿತು ಹಳೆಯ ವರದಿಯನ್ನು ಹಿಂಪಡೆದು ಹೊಸತನ್ನು ಬರೆದು ಗಟ್ಟಿಯಾಗಿ ಓದಿದೆ: ಪಾತ್ರೆ, ನೀರು, ಅಡುಗೆಯವರ ಕೈ ಎಲ್ಲವೂ ಶುಚಿ, ತಪ್ಪು ವೈದ್ಯಾಧಿಕಾರಿಯದು. ಸೋಮವಾರದಿಂದ ಗಣಪಿ ಕೆಲಸಕ್ಕೆ ಬಂದಳು. ಹೊಸಬಳನ್ನು ಸಹಾಯಕಿಯಾಗಿ ಉಳಿಸಿಕೊಂಡರು. ಮಾಸ್ತರರು ಹಾಲಿಗೆ ಸಂಜೆಯೇ ಹೆಪ್ಪು ಹಾಕಿಸತೊಡಗಿದರು. ತಂಡ ತಾಲೂಕಿನಲ್ಲಿ ಎರಡನೇ ಸ್ಥಾನ ಪಡೆಯಿತು. ಮಾಸ್ತರರು ಅದಕ್ಕೆ ಮಜ್ಜಿಗೆಯೇ ಕಾರಣ ಎನ್ನುತ್ತಾರೆ, ನಾನು ವಾದಿಸಲು ಹೋಗಿಲ್ಲ.

ಆ ಶನಿವಾರ ಮನೆಗೆ ಹೋಗಿ ಅಮ್ಮನಿಗೆ ನಡೆದದ್ದನ್ನು ಹೇಳಿದೆ. ಅವಳಿಗೆ ಆಗ ಎಂಬತ್ತೆರಡು. “ತಮಾ, ನಿಂಗೆ ಹತ್ತು ವರ್ಷ ಆದ್ಮೇಲೆ ಹಾಲು ಆಗ್ತಿತ್ತಿಲ್ಲೆ. ಅದಕ್ಕೇ ನಾ ಮಜ್ಜಿಗೆ ಕೊಡ್ತಿದ್ದಿ” ಎಂದಳು. ಅರ್ಧ ಶತಮಾನ ಮಜ್ಜಿಗೆ ಕುಡಿದುಕೊಂಡೇ ನಾನು ಹಾಲಿನ ಮನೆತನದವನೆಂದು ಬೀಗುತ್ತಿದ್ದೆ! ಹಾಲು ಇವರಿಗೆ ಆಗುತ್ತದೆ, ಅವರಿಗೆ ಆಗದು ಎಂದು ನಾನು ಕೇರಿ ನೋಡಿ ಭಾಗ ಮಾಡಿದ್ದೆ. ತಂಡದಲ್ಲಿ ಮೂರು ಲೋಟ ಕುಡಿದೂ ಗಟ್ಟಿಯಾಗಿ ನಿಂತ ನಾಲ್ವರಲ್ಲಿ ಇಬ್ಬರು ಗಣಪಿಯ ಕೇರಿಯವರೇ. ಸಮುದಾಯದ ಚರಿತ್ರೆ ಪುಸ್ತಕದಲ್ಲಿ ಸರಿಯಾಗಿಯೇ ಇರುತ್ತದೆ. ಎದುರಿಗೆ ಕುಳಿತವರ ಕರುಳನ್ನು ಮಾತ್ರ ಅವರಿಂದಲೇ ಕೇಳಿ ತಿಳಿಯಬೇಕು. ಆಮೇಲೆ ನಿವೃತ್ತಿಯವರೆಗೂ ಹೊಟ್ಟೆನೋವು ಎಂದು ಬಂದವರಿಗೆ ನಾನು ಮೊದಲು ಕೇಳಿದ್ದು ಮನೆಯಲ್ಲಿ ಏನು ಉಣ್ಣುತ್ತೀರಿ, ಎಷ್ಟು ಉಣ್ಣುತ್ತೀರಿ ಎಂದು. ಒಬ್ಬರ ಕೈಯ ಮೇಲೆ ಸಂಶಯ ಬರೆಯುವ ಮೊದಲು ಪೆನ್ನಿಗೆ ಮುಚ್ಚಳ ಹಾಕಿ ಒಂದು ದಿನ ಕಾಯುವುದನ್ನೂ ಕಲಿತೆ.

ಈಗಲೂ ಕುಮಟಾದ ಸಂತೆಯಲ್ಲಿ ತರಕಾರಿ ಬುಟ್ಟಿಯೊಂದಿಗೆ ಗಣಪಿ ಸಿಗುತ್ತಾಳೆ. ಪಕ್ಕದಲ್ಲಿ ಕುಳಿತವರಿಗೆ ನನ್ನನ್ನು ತೋರಿಸಿ, “ಹಾಲು ಕುಡ್ದು ಓಡಿದ ಡಾಕ್ಟ್ರು ಇವ್ರೇ” ಎನ್ನುತ್ತಾಳೆ. ಅವರೆಲ್ಲ ಬಾಯ್ತುಂಬ ನಗುತ್ತಾರೆ. ಮೂವತ್ತೆರಡು ವರ್ಷದ ಸೇವೆಯಲ್ಲಿ ನನಗೆ ಶಾಲು ಹೊದೆಸಿದವರು ಅನೇಕರಿದ್ದಾರೆ. ಬೆವರು ಸುರಿಸಿ ಗಳಿಸಿದ ಬಿರುದು ಇದೊಂದೇ.